ಪಂಕ್ತಿಯ ಕೊನೆಯಲ್ಲಿ ಕೂತವನು

ಎರಡು ಸಾವಿರದ ಎರಡನೇ ಇಸವಿಯ ಪಿತೃಪಕ್ಷ. ಇಸವಿ ಹೇಗೆ ನೆನಪಿದೆ ಎಂದರೆ ಅದೇ ವರ್ಷ ನನ್ನ ಮಗಳು ಹುಟ್ಟಿದ್ದಳು, ಹೆಂಡತಿ ಬಾಣಂತನಕ್ಕೆಂದು ತವರೂರು ನನ್ನಿವಾಳದಲ್ಲಿದ್ದಳು. ಚಳ್ಳಕೆರೆಯಲ್ಲಿ ನನ್ನದೊಂದು ಫೋಟೋ ಸ್ಟುಡಿಯೋ. ಮುಂದೆ ಅಂಗಡಿ, ಹಿಂದೆ ಮನೆ. ಮನೆಯಲ್ಲಿ ಆಗ ನಾನು, ಅವ್ವ ಇಬ್ಬರೇ. ಪಿತೃಪಕ್ಷದಲ್ಲಿ ಯಾರೂ ಮದುವೆ ಮಾಡುವುದಿಲ್ಲವಾದ್ದರಿಂದ ಆ ಹದಿನೈದು ದಿನ ನನಗೆ ನೊಣ ಹೊಡೆಯುವುದೇ ಕೆಲಸ.

ನನ್ನ ಕಸುಬಿನ ಬಗ್ಗೆ ಒಂದು ಮಾತು ಹೇಳಲೇಬೇಕು, ಇಲ್ಲದಿದ್ದರೆ ಮುಂದಿನದು ಅರ್ಥವಾಗುವುದಿಲ್ಲ. ಸುತ್ತಮುತ್ತಲ ಹಳ್ಳಿಗಳಲ್ಲಿ ಮದುವೆ ವಿಡಿಯೋ ಎಂದರೆ ತಿಪ್ಪೇಶ ಎಂಬ ಹೆಸರಿತ್ತು. ದೊಡ್ಡ ಕೈಚಳಕವೇನೂ ಇರಲಿಲ್ಲ. ಯಾರ ಮುಖವನ್ನೂ ಬಿಡುವವನಲ್ಲ ಎಂಬುದೇ ನನ್ನ ಕೀರ್ತಿ. ಶುರುವಿನಲ್ಲಿ ಒಂದು ಮದುವೆಯಲ್ಲಿ ಹುಡುಗಿಯ ಸೋದರಮಾವನನ್ನು ಬಿಟ್ಟುಬಿಟ್ಟಿದ್ದೆ. ಆತ ಕ್ಯಾಸೆಟ್ಟನ್ನು ಎರಡು ಸಲ ಹಾಕಿ ನೋಡಿ, ಮೂರನೇ ಸಲ ಅದನ್ನು ತಂದು ನನ್ನ ಮೇಜಿನ ಮೇಲೆ ಕುಕ್ಕಿದ. "ತಾಳಿ ಬಟ್ಲು ಹಿಡ್ಕೊಂಡು ನಿಂತೋನು ನಾನು, ಅಡಿಗೆ ಭಟ್ಟ ಬಂದಾನೆ, ನಾಯಿ ಬಂದೈತೆ, ನಾನಿಲ್ಲ! ನಾನೇನು ಸತ್ತಿದ್ನೇನಲೇ?" ಎಂದು ಬೀದಿಯೆಲ್ಲ ಸೇರುವಂತೆ ಬೈದ. ಅವತ್ತಿನಿಂದ ಒಂದು ಪದ್ಧತಿ ಮಾಡಿಕೊಂಡೆ. ಊಟದ ಪಂಕ್ತಿ ಕೂತ ತಕ್ಷಣ ಒಂದು ತುದಿಯಿಂದ ಇನ್ನೊಂದು ತುದಿಗೆ ನಿಧಾನವಾಗಿ ಹೋಗುವುದು, ಒಂದೊಂದು ಎಲೆಯ ಮುಂದೆ ಮೂರು ಎಣಿಸುವಷ್ಟು ಹೊತ್ತು ನಿಲ್ಲುವುದು, ಎಲ್ಲರ ಮುಖ ಹಿಡಿಯುವುದು. ಮಂಟಪದಲ್ಲಿ ತಪ್ಪಿಸಿಕೊಂಡವರು ಪಂಕ್ತಿಯಲ್ಲಿ ಸಿಕ್ಕೇ ಸಿಗುತ್ತಾರೆ. ಊಟ ಬಿಟ್ಟು ಹೋಗುವವರು ಯಾರಿದ್ದಾರೆ?

ಪಕ್ಷ ಶುರುವಾಗಿ ಒಂಬತ್ತು ಹತ್ತು ದಿನವಾಗಿತ್ತು. ಸುಮಾರು ಐವತ್ತು ವರ್ಷದ ಒಬ್ಬ ಹೆಂಗಸು ಅಂಗಡಿಗೆ ಬಂದರು. ಅರ್ಧ ನೆರೆತ ಕೂದಲು, ಹತ್ತಿ ಸೀರೆ, ಕಾಲಿಗೆ ಕ್ಯಾನ್ವಾಸ್ ಬೂಟು. ಹೆಸರು ಸುಮಿತ್ರಾ, ಊರು ಮೈಸೂರು, ಸಾಕ್ಷ್ಯಚಿತ್ರ ಮಾಡುತ್ತೇನೆ ಎಂದರು. "ನಮ್ಮ ಕ್ಯಾಮೆರಾಮನ್‌ಗೆ ಕಾಮಾಲೆ ಆಗಿ ವಾಪಸ್ ಹೋದರು. ಕ್ಯಾಮೆರಾ ನನ್ನ ಹತ್ರ ಇದೆ. ತೆಲುಗು ಬರುವಂಥ ಒಬ್ಬರು ಬೇಕು, ಒಂದು ವಾರಕ್ಕೆ. ಬ್ರಹ್ಮಗಿರಿ ಶಾಸನದ ಬಗ್ಗೆ ಚಿತ್ರ."

ನನ್ನ ಅಜ್ಜಿ ಗಡಿ ಆಚೆಯವಳು, ನಮ್ಮ ಮನೆಯಲ್ಲಿ ತೆಲುಗು ಕನ್ನಡ ಎರಡೂ ಓಡಾಡುತ್ತಿದ್ದವು. ಅವ್ವನ ತವರು ಬೇರೆ ಶಾಸನದ ಪಕ್ಕದ ಸಿದ್ದಾಪುರವೇ. ಹೂಂ ಎಂದುಬಿಟ್ಟೆ. ಅವರು ಹೋದ ಮೇಲೆ ಅವ್ವ ನಡುಮನೆಯ ಬಾಗಿಲಿನಿಂದ ತಲೆ ಹಾಕಿ, "ಸೀರೆಗೆ ಬೂಟ್ಸ್ ಹಾಕ್ಕೊಂಡು ತಿರುಗೋ ಹೆಂಗ್ಸು, ಒಬ್ಳೇ ಲಾಡ್ಜಲ್ಲಿ ಅದಾಳೆ ಅಂದ್ರೆ ಏನೋ ಐತೆ ಕಣಲೇ. ಹುಷಾರು" ಎಂದಳು. ನಾನು ನಕ್ಕೆ. ಅವ್ವನಿಗೆ ಚಪ್ಪಲಿ ನೋಡಿ ಮನುಷ್ಯರನ್ನು ಅಳೆಯುವ ಚಾಳಿ.

ಮರುದಿನ ಬಸ್ಸಿನಲ್ಲಿ ಸಿದ್ದಾಪುರಕ್ಕೆ ಹೋದೆವು. ಅಕ್ಷರ ಕೆತ್ತಿದ ಆ ಬಂಡೆಯನ್ನು ನಮ್ಮವರು ಅಕ್ಷರ ಗುಂಡು ಎನ್ನುತ್ತಾರೆ. ಅದಕ್ಕೆಂದೇ ಬಂದವರು ಅದನ್ನು ಹತ್ತು ನಿಮಿಷವೂ ತೆಗೆಸಲಿಲ್ಲ. ಅಲ್ಲೇ ಕುರಿ ಕಾಯುತ್ತಿದ್ದ ಮುದುಕನ ಪಕ್ಕ ಕೂತು ಗುಡ್ಡದಾಚೆಯಿಂದ ಯಾರ್ಯಾರು ಬರುತ್ತಾರೆ, ಅಣ್ಣಗಳು ಈ ಕಡೆಗೂ ಬರುವುದುಂಟಾ ಎಂದು ಕೇಳತೊಡಗಿದರು. ಅಣ್ಣಗಳು ಎಂದರೆ ಬಂದೂಕು ಹಿಡಿದು ಕಾಡು ಸೇರಿದವರು. ಪೇಪರಿನಲ್ಲಿ ಉಗ್ರಗಾಮಿಗಳು ಎಂದು ಬರೆಯುತ್ತಿದ್ದರು, ಗಡಿ ಹಳ್ಳಿಗಳಲ್ಲಿ ಅಣ್ಣಗಳು ಎನ್ನುತ್ತಿದ್ದರು, ಅದೂ ದನಿ ತಗ್ಗಿಸಿ. ಮುದುಕ ಎದ್ದು ಕುರಿ ಹೊಡೆದುಕೊಂಡು ಹೊರಟೇಹೋದ.

"ಮೇಡಂ, ಇದು ಶಾಸನದ ಚಿತ್ರ ಅಲ್ಲ" ಎಂದೆ.

"ಅಲ್ಲ. ಕಾಡಿನೊಳಗೆ ಹೋದವರ ಬಗ್ಗೆ. ಅವರು ಕೊಂದವರ ಬಗ್ಗೆ, ಅವರ ಹಿಂದೆ ಉಳಿದವರ ಬಗ್ಗೆ."

"ಮೊದ್ಲೇ ಹೇಳ್ಬೇಕಿತ್ತು."

"ಹೇಳಿದ್ರೆ ಬರ್ತಿದ್ರಾ?"

ಬರುತ್ತಿರಲಿಲ್ಲ. ಅವತ್ತೇ ಬಿಟ್ಟು ಬಂದಿದ್ದರೆ ಈ ಕಥೆಯೇ ಇರುತ್ತಿರಲಿಲ್ಲ. ಆದರೆ ಅಂಗೈಯಗಲದ ಕ್ಯಾಸೆಟ್ ಹಾಕುವ ಅಂಥ ಕ್ಯಾಮೆರಾವನ್ನು ನಾನು ಅದಕ್ಕೆ ಮುಂಚೆ ಮುಟ್ಟಿರಲಿಲ್ಲ, ಬಿಡಲು ಮನಸ್ಸಾಗಲಿಲ್ಲ. ಜತೆಗೆ ಕುತೂಹಲ ಎಂಬುದೊಂದು ಇರುತ್ತದಲ್ಲ, ಅದು ಅನುಮಾನದ ತಂಗಿ. ಎರಡೂ ಕೂಡಿಕೊಂಡು ನನ್ನನ್ನು ಎಳೆದುಕೊಂಡು ಹೋದವು.

ಮುಂದಿನ ಮೂರು ದಿನ ನಾನು ಕ್ಯಾಮೆರಾಕ್ಕಿಂತ ಹೆಚ್ಚಾಗಿ ಅವರನ್ನೇ ನೋಡುತ್ತಿದ್ದೆ. ಅವರ ಪುಸ್ತಕದಲ್ಲಿ ಯಾರ ಹೆಸರೂ ಇರುತ್ತಿರಲಿಲ್ಲ. 'ಕೆಂಪು ಟವೆಲ್', 'ಎರಡು ಎಮ್ಮೆ' ಎಂದು ಬರೆದುಕೊಳ್ಳುತ್ತಿದ್ದರು. ಲಾಡ್ಜಿನಲ್ಲಿ ಫೋನಿದ್ದರೂ ಎಸ್‌ಟಿಡಿ ಬೂತಿಗೆ ಹೋಗುತ್ತಿದ್ದರು, ಒಂದೇ ಬೂತಿಗೆ ಎರಡು ಸಲ ಹೋಗುತ್ತಿರಲಿಲ್ಲ. ತುಂಬಿದ ಕ್ಯಾಸೆಟ್ಟನ್ನು ಮರುದಿನ ಬೆಳಿಗ್ಗೆಯೇ ಮೊಳಕಾಲ್ಮೂರಿನಿಂದಲೋ ಚಳ್ಳಕೆರೆಯಿಂದಲೋ ಪೋಸ್ಟ್ ಮಾಡಿಬಿಡುತ್ತಿದ್ದರು. ಯಾವ ಊರಿಗೆ ಹೋಗುತ್ತೇವೆಂದು ಬಸ್ಸಿನಿಂದ ಇಳಿಯುವವರೆಗೂ ಹೇಳುತ್ತಿರಲಿಲ್ಲ. ಎಲ್ಲಕ್ಕಿಂತ ವಿಚಿತ್ರವೆಂದರೆ, "ಮುಖ ಬೇಡ ತಿಪ್ಪೇಶ್, ಕೈ ಮಾತ್ರ" ಎನ್ನುತ್ತಿದ್ದರು. ಮುಖ ತೆಗೆದೇ ಹೊಟ್ಟೆ ಹೊರೆಯುವವನಿಗೆ ಇದೆಂಥ ಶಿಕ್ಷೆ ನೋಡಿ!

ಗಡಿ ಆಚೆಯ ಒಂದು ಊರಿನಲ್ಲಿ ದೊಡ್ಡ ಮನೆಯೊಂದಕ್ಕೆ ಹೋದೆವು. ಆ ಮನೆಯ ತಮ್ಮನನ್ನು ಅಣ್ಣಗಳು ಹೊಲಕ್ಕೆ ಕರೆದು ಹಾಡಹಗಲೇ ಗುಂಡಿಕ್ಕಿ ಕೊಂದಿದ್ದರು. ಅವನ ಹೆಂಡತಿ ಮಾತಾಡುತ್ತ ಮಾತಾಡುತ್ತ ಬಿಕ್ಕಿದಾಗ ಮೇಡಂ ಅವಳ ಕೈ ಹಿಡಿದುಕೊಂಡು ತಾವೂ ಅತ್ತರು. ಮರುದಿನ ಇನ್ನೊಂದು ಊರು, ಒಬ್ಬ ಮುದುಕ. ಅಣ್ಣಗಳಿಗೆ ಒಂದು ಹೊತ್ತು ಮುದ್ದೆ ಹಾಕಿದ್ದ ತಪ್ಪಿಗೆ ಎರಡು ವರ್ಷ ಜೈಲಿನಲ್ಲಿದ್ದು ಬಂದಿದ್ದ. "ಬಂದೂಕು ಹಿಡ್ಕೊಂಡು ಬಾಗ್ಲಾಗೆ ನಿಂತು ಹಸಿವು ಅಂದ್ರೆ ಏನ್ ಮಾಡ್ಲವ್ವ?" ಎಂದ. ಮೇಡಂ ಅವನ ಕೈಯನ್ನೂ ಹಿಡಿದುಕೊಂಡರು. ನನಗೆ ಅಲ್ಲೇ ಹುಳ ಹೊಕ್ಕಿತು. ಎರಡೂ ಕಡೆಯವರ ಕೈ ಹಿಡಿಯುವವರು ಯಾರ ಕಡೆಯವರು? ಒಂದೋ ಈಕೆ ಪೊಲೀಸರ ಪೈಕಿ, ಇಲ್ಲವೇ ಅಣ್ಣಗಳ ಪೈಕಿ. ಎರಡರಲ್ಲಿ ಯಾವುದಾದರೂ ಕೊನೆಗೆ ಸಿಕ್ಕಿಬೀಳುವವನು ನಾನು. ಒಂದು ತಿಂಗಳ ಮಗು ಇತ್ತು ಸ್ವಾಮಿ, ಹೆದರಿದೆ.

ನನ್ನ ಹೆಂಡತಿಯ ಅಣ್ಣ, ನನಗೆ ಭಾವ, ಪೊಲೀಸ್ ಇಲಾಖೆಯಲ್ಲಿ ಹೆಡ್ ಕಾನ್‌ಸ್ಟೇಬಲ್. ಅವತ್ತು ಸಂಜೆ ಮಗು ನೋಡುವ ನೆಪ ಮಾಡಿಕೊಂಡು ನನ್ನಿವಾಳಕ್ಕೆ ಹೋಗಿ ಅವನನ್ನು ಹಿತ್ತಲಿಗೆ ಕರೆದು ಎಲ್ಲ ಒದರಿದೆ.

ಭಾವ ಮೀಸೆ ನೀವಿಕೊಂಡ. "ಒಳ್ಳೆ ಕೆಲ್ಸ ಮಾಡ್ದೆ ತಿಪ್ಪೇಶ, ಹೇಳಿ. ಇನ್ಮ್ಯಾಲೆ ಬಾಯ್ ಬಿಡಬ್ಯಾಡ. ಏನೂ ಗೊತ್ತಿಲ್ದಂಗೆ ಹೋಗು, ಅವ್ರು ಹೇಳ್ದಂಗೆ ಮಾಡು. ನಾಳಿನ ಕ್ಯಾಸೆಟ್ಟು ಮಾತ್ರ ಪೋಸ್ಟಿಗೆ ಹೋಗಾಕೆ ಬಿಡಬ್ಯಾಡ. ಒಂದಿನ ನಿನ್ನತ್ರ ಇಟ್ಕೋ. ಸಾಹೇಬ್ರು ನೋಡ್ತಾರೆ."

ವಾಪಸ್ ಬರುವಾಗ ನನಗೆ ಎಷ್ಟೋ ಹಗುರವಾಗಿತ್ತು. ಜಾಣತನ ಮಾಡಿದೆ ಎಂದುಕೊಂಡೆ.

ಮಾರನೆಯ ದಿನ ಅಮಾವಾಸ್ಯೆ, ಹಿರಿಯರಿಗೆ ಎಡೆ ಇಡುವ ದಿನ. ಮೊಳಕಾಲ್ಮೂರಿನಲ್ಲಿ ಬಸ್ಸು ಬದಲಿಸಿ, ಇಳಿದು, ಜಾಲಿ ಗಿಡಗಳ ನಡುವೆ ಅರ್ಧ ಗಂಟೆ ನಡೆದು ಗಡಿಯ ಒಂದು ಊರಿಗೆ ಹೋದೆವು. ಊರಿನ ಹೆಸರು ಈಗಲೂ ಬರೆಯುವುದಿಲ್ಲ. ಅಲ್ಲಿ ಪಾಲಮ್ಮ ಎಂಬ ಹೆಂಗಸು, ಅರವತ್ತರ ಹತ್ತಿರದವಳು. ಅವಳ ಒಬ್ಬನೇ ಮಗ ಮೂರು ವರ್ಷದ ಹಿಂದೆ ಅಣ್ಣಗಳ ಜತೆ ಕಾಡಿನೊಳಗೆ ಹೋದವನು. ಇದ್ದಾನೋ ಸತ್ತಿದ್ದಾನೋ ಗೊತ್ತಿಲ್ಲ. ಹಬ್ಬಕ್ಕೆಂದು ಅಂಗಳದಲ್ಲಿ ಹದಿನೈದಿಪ್ಪತ್ತು ಜನ ನೆಂಟರು ಸೇರಿದ್ದರು. ನಮ್ಮನ್ನು ಕಂಡು ಯಾರೂ ಬನ್ನಿ ಎನ್ನಲಿಲ್ಲ, ಹೋಗಿ ಎನ್ನಲೂ ಇಲ್ಲ.

ಮೇಡಂ ನನ್ನ ಕಡೆ ತಿರುಗಿ, "ಮುಖ ತೆಗೆಯಲ್ಲ, ಕೈ ಮಾತ್ರ ಅಂತ ಹೇಳಿ. ಎಲ್ಲರಿಗೂ ಕೇಳೋ ಹಾಗೆ ಹೇಳಿ" ಎಂದರು.

"ಮುಖಾಲು ತೀಯಮಮ್ಮಾ, ಚೇತುಲು ಮಾತ್ರಮೇ" ಎಂದೆ ತೆಲುಗಿನಲ್ಲಿ.

ಪಾಲಮ್ಮ ಮೇಡಂ ಕಡೆ ನೋಡಲೇ ಇಲ್ಲ. ನನ್ನನ್ನೇ ನೋಡಿ, "ನೀ ಮಾಟೇನಾ?" ಎಂದಳು. ಇದು ನಿನ್ನ ಮಾತೇನಾ ಎಂದು.

"ನಾ ಮಾಟೇ ಅಮ್ಮಾ." ನನ್ನ ಮಾತೇ ಎಂದೆ. ಬಾಯಿ ತಾನೇ, ಏನು ಖರ್ಚು?

ಪಾಲಮ್ಮ ಹಿಟ್ಟು ತಟ್ಟುತ್ತ, ವಡೆ ಬಿಡುತ್ತ ಮಾತಾಡಿದಳು. ನಾನು ಅವಳ ಕೈಗಳನ್ನೇ ತೆಗೆಯುತ್ತ, ಮೇಡಂಗೆ ಕನ್ನಡದಲ್ಲಿ ಹೇಳುತ್ತ ಹೋದೆ. ಮೊದಲ ವರ್ಷ ಎಡೆ ಇಡುವಾಗ ಅತ್ತಿಗೆ ನಾದಿನಿಯರೆಲ್ಲ ಮಗನ ಹೆಸರಲ್ಲೂ ಒಂದು ಎಲೆ ಹಾಕು ಎಂದರಂತೆ. ಎಲೆ ಹಾಕಿದರೆ ಸತ್ತ ಎಂದು ತಾಯಿಯೇ ಒಪ್ಪಿಕೊಂಡ ಹಾಗೆ. ಹಾಕದಿದ್ದರೆ, ನಿಜವಾಗಿ ಸತ್ತಿದ್ದರೆ, ಮಗ ಹಸಿದುಕೊಂಡು ಬಾಗಿಲಲ್ಲಿ ನಿಂತ ಹಾಗೆ. ಅದಕ್ಕೆ ಅವಳೇ ಒಂದು ದಾರಿ ಕಂಡುಕೊಂಡಿದ್ದಳು. ಹಿರಿಯರಿಗೆಲ್ಲ ಗೋಡೆಯ ಮುಂದೆ ಎಲೆ, ಮಗನಿಗೆ ಹೊಸಿಲ ಹತ್ತಿರ ಅವನು ಉಣ್ಣುತ್ತಿದ್ದ ಸ್ಟೀಲ್ ತಟ್ಟೆ. ಬದುಕಿದ್ದರೆ ಅದು ಊಟ, ಸತ್ತಿದ್ದರೆ ಅದೇ ಎಡೆ. ಸಂಜೆ ಅದನ್ನು ಹಸುವಿಗೆ ಹಾಕುತ್ತಿದ್ದಳಂತೆ. ಅಂಚು ನೆಗ್ಗಿದ ಆ ತಟ್ಟೆಗೆ ಹೋಳಿಗೆ, ವಡೆ, ಅನ್ನ ಬಡಿಸಿ ಹೊಸಿಲಲ್ಲಿಡುವ ಕೈಯನ್ನೂ ತೆಗೆದೆ. ಅಷ್ಟು ಹೊತ್ತೂ ಒಳಗೊಳಗೆ ಭಾವನ ಮಾತು ಕುಟುಕುತ್ತಿತ್ತು.

ಆಮೇಲೆ ಅಂಗಳದಲ್ಲಿ ಗಂಡಸರು ಮಕ್ಕಳು ಪಂಕ್ತಿ ಕೂತರು. ಮೇಡಂ ಬಡಿಸುವ ಹೆಂಗಸರ ಜತೆ ಅಡಿಗೆಮನೆಯಲ್ಲಿದ್ದರು. ನಾನು ಕ್ಯಾಮೆರಾ ಹಿಡಿದು ಅಂಗಳದಲ್ಲಿ ನಿಂತಿದ್ದೆ. ಏನಾಯಿತೆಂದು ಕೇಳಿದರೆ ಏನು ಹೇಳಲಿ, ಪಂಕ್ತಿ ಕಂಡಿತು, ಕೈ ತಾನಾಗಿ ಎದ್ದಿತು. ಭಾವ ಮುಖ ತೆಗಿ ಎಂದು ಹೇಳಿರಲಿಲ್ಲ. ನಾನೂ ಬೇಕೆಂದು ಮಾಡಲಿಲ್ಲ, ದೇವರಾಣೆ. ನೂರಾರು ಮದುವೆಯಲ್ಲಿ ತಿರುಗಿದ ಕೈ ಅವತ್ತೂ ತಿರುಗಿತು. ಈ ತುದಿಯಿಂದ ಆ ತುದಿಗೆ, ಒಂದೊಂದು ಎಲೆಗೆ ಮೂರು ಎಣಿಸುತ್ತ. ಯಾರೂ ಮುಖ ಮುಚ್ಚಿಕೊಳ್ಳಲಿಲ್ಲ, ಬೇಡ ಎನ್ನಲಿಲ್ಲ. ಮಾತು ಕೊಟ್ಟಿದ್ದೆನಲ್ಲ, ಮುಖ ಬರುವುದಿಲ್ಲ ಎಂದೇ ನಂಬಿದ್ದರು.

ಪಂಕ್ತಿಯ ಕೊನೆಯಲ್ಲಿ ತಲೆಗೆ ಟವೆಲ್ ಸುತ್ತಿಕೊಂಡ ಒಬ್ಬ ಹುಡುಗ, ಇಪ್ಪತ್ತೈದರವನಿರಬೇಕು. ಎಲ್ಲರೂ ಕೂತ ಮೇಲೆ ಬಂದು ಕೂತಿದ್ದ. ಕುರುಚಲು ಗಡ್ಡ. ತಲೆ ಎತ್ತಿ ನೇರ ನನ್ನನ್ನೇ ನೋಡಿದ. ನಾನು ಮದುವೆಯಲ್ಲಿ ಮಾಡುವಂತೆ ಎಡಗೈಯಲ್ಲಿ 'ನಗಿ' ಎಂದು ಸನ್ನೆ ಬೇರೆ ಮಾಡಿದೆ. ಅವನು ನಗಲಿಲ್ಲ.

ಸ್ವಲ್ಪ ಹೊತ್ತಿಗೆ ಮೇಡಂ ಹಿತ್ತಲಿನಿಂದ ಕರೆದರು. "ತಟ್ಟೆ ತೊಳೀತಿದ್ದಾರೆ, ಬನ್ನಿ ಬನ್ನಿ, ಕೈ ತೆಗೀರಿ." ಪಾಲಮ್ಮ ಬೂದಿ ಹಾಕಿ ಆ ನೆಗ್ಗಿದ ತಟ್ಟೆಯನ್ನು ತೊಳೆಯುತ್ತಿದ್ದಳು. ಈ ವರ್ಷ ಬೇಗನೆ ಹಸುವಿಗೆ ಹಾಕಿದಳೇನೋ ಎಂದುಕೊಂಡೆವು. ಕ್ಯಾಸೆಟ್ ಮುಗಿಯುವವರೆಗೂ ತೆಗೆದೆ.

ಹೊತ್ತು ಮುಳುಗುವಷ್ಟರಲ್ಲಿ ಚಳ್ಳಕೆರೆಗೆ ಬಂದೆವು. ಬಸ್ ಸ್ಟ್ಯಾಂಡಿನಲ್ಲಿ, "ಈ ಕ್ಯಾಸೆಟ್ ಒಂದ್ಸಲ ಟಿವಿಗೆ ಹಾಕಿ ನೋಡೋಣ ಮೇಡಂ, ಬೆಳಕು ಹೆಂಗೆ ಬಂದೈತೋ ಏನೋ. ನನ್ನತ್ರ ಇರ್ಲಿ, ಬೆಳಿಗ್ಗೆ ಅಂಗಡಿಗೆ ಬಂದ್ಬಿಡ್ರಿ" ಎಂದೆ. ಇಷ್ಟು ಸುಳ್ಳು ನನಗೆ ಇಷ್ಟು ಸಲೀಸಾಗಿ ಬರುತ್ತದೆಂದು ಗೊತ್ತಿರಲಿಲ್ಲ. ಅವರು ಒಂದು ಕ್ಷಣ ನನ್ನ ಮುಖ ನೋಡಿ ಕೊಟ್ಟರು.

ಬೆಳಿಗ್ಗೆ ಅಂಗಡಿಯ ಟಿವಿಗೆ ಕ್ಯಾಮೆರಾ ಜೋಡಿಸಿ ಇಬ್ಬರೂ ನೋಡಿದೆವು. ಪಾಲಮ್ಮನ ಕೈಗಳು ಚೆನ್ನಾಗಿ ಬಂದಿದ್ದವು. ಮೇಡಂ ಕುರ್ಚಿ ಮುಂದೆಳೆದುಕೊಂಡು ನೋಡುತ್ತಿದ್ದರು. "ಇದೇ ನನ್ನ ಚಿತ್ರ ತಿಪ್ಪೇಶ್. ಇಷ್ಟು ದಿನ ಹುಡುಕ್ತಿದ್ದದ್ದು ಇದೇ" ಎಂದರು. ಅಷ್ಟರಲ್ಲಿ ಪಂಕ್ತಿ ಬಂತು. ಒಂದು ಮುಖ, ಇನ್ನೊಂದು ಮುಖ, ಮತ್ತೊಂದು. ಅವರು ನನ್ನ ಕಡೆ ತಿರುಗಿದರು. ನಾನು ಟಿವಿಯಿಂದ ಕಣ್ಣು ತೆಗೆಯಲಿಲ್ಲ. ಕೊನೆಯ ಹುಡುಗ ಬಂದ. ಎಲ್ಲರ ಮುಂದೆಯೂ ಎಲೆ ಇತ್ತು. ಅವನೊಬ್ಬನ ಮುಂದೆ ಮಾತ್ರ ಅಂಚು ನೆಗ್ಗಿದ ಸ್ಟೀಲ್ ತಟ್ಟೆ ಇತ್ತು.

ಹೊಸಿಲಲ್ಲಿಟ್ಟ ಊಟವನ್ನು ಈ ವರ್ಷ ಹಸು ತಿಂದಿರಲಿಲ್ಲ.

"ಮುಖ ಯಾಕೆ ತೆಗೆದ್ರಿ?" ಮೇಡಂ ದನಿ ಬಹಳ ಮೆತ್ತಗಿತ್ತು.

"ಅಭ್ಯಾಸ ಮೇಡಂ. ಪಂಕ್ತಿ ಕಂಡ್ರೆ ಕೈ ಹೋಗ್ತೈತೆ."

"ಅಭ್ಯಾಸನಾ? ಯಾರಾದ್ರೂ ಹೇಳಿದ್ರಾ?"

ಕಳ್ಳನ ಮನಸ್ಸು ಹುಳ್ಳುಳ್ಳಗೆ ಎನ್ನುತ್ತಾರಲ್ಲ, ನನಗೆ ರೋಷ ಉಕ್ಕಿಬಂತು. "ನನ್ನ ಮ್ಯಾಲೆ ಅನುಮಾನ ಪಡ್ತೀರಾ? ಶಾಸನ ಅಂತ ಸುಳ್ಳು ಹೇಳಿ ಕರ್ಕೊಂಡು ಹೋದೋರು ನೀವು!" ಎಂದು ಕೂಗಾಡಿದೆ. ಕೂಗಾಡುತ್ತಿರುವಾಗಲೇ ಫೋನು ಬಡಿದುಕೊಂಡಿತು. ಭಾವ.

"ಹನ್ನೊಂದಕ್ಕೆ ಸಾಹೇಬ್ರನ್ನ ಕರ್ಕೊಂಡು ಬರ್ತೀನಿ. ಕ್ಯಾಸೆಟ್ಟು ಐತೇನಪ್ಪ?"

"ಹೂಂ ಭಾವ, ಐತೆ" ಎಂದು ಫೋನಿಟ್ಟೆ. ತಿರುಗಿದರೆ ಮೇಡಂ ಎದ್ದು ನಿಂತಿದ್ದರು. ಅವರಿಗೆ ವಿವರಿಸುವುದು ಏನೂ ಉಳಿದಿರಲಿಲ್ಲ. ಆದರೂ ಹೇಳಿದೆ, ಎಲ್ಲ ಹೇಳಿದೆ, ನಿನ್ನೆ ಮೊನ್ನೆಯದನ್ನೆಲ್ಲ. ಹೇಳುವಾಗ ಒಂದು ಹೊತ್ತು ಮುದ್ದೆ ಹಾಕಿ ಎರಡು ವರ್ಷ ಜೈಲು ಕಂಡ ಆ ಮುದುಕ ಕಣ್ಣಮುಂದೆ ಬಂದ. ಪಾಲಮ್ಮನ ಮನೆಯಲ್ಲಿದ್ದವರು ಹದಿನೈದಿಪ್ಪತ್ತು ಜನ. ಆ ಹುಡುಗನ ಪಕ್ಕ ಕೂತು ಉಂಡವರು, ಅವನಿಗೆ ಬಡಿಸಿದವರು. ಅವರೆಲ್ಲರ ಮುಖಗಳನ್ನೂ ಮೂರು ಮೂರು ಎಣಿಸಿ ಹಿಡಿದುಕೊಟ್ಟವನು ನಾನು.

ಮೇಡಂ ಗಡಿಯಾರ ನೋಡಿದರು. ಹತ್ತಕ್ಕೆ ಐದು ನಿಮಿಷ. "ಅಳಿಸಿ" ಎಂದರು.

"ಪಂಕ್ತಿನಾ?"

"ಪೂರ್ತಿ. ಅವರ ಮನೆ ಇದೆ, ದನಿ ಇದೆ. ಮೊದಲಿಂದ ಅಳಿಸಿ."

"ನಿಮ್ಮ ಚಿತ್ರ ಮೇಡಂ?"

ಅವರು ಕೈ ಚಾಚಿ ಟಿವಿ ಆರಿಸಿದರು. ಕಣ್ಣು ತುಂಬಿದ್ದವು, ಕೋಪಕ್ಕೋ ದುಃಖಕ್ಕೋ ತಿಳಿಯಲಿಲ್ಲ.

ಕ್ಯಾಸೆಟ್ ಬಚ್ಚಿಟ್ಟರೆ ಇಬ್ಬರನ್ನೂ ಎತ್ತಿಹಾಕಿಕೊಂಡು ಹೋಗುತ್ತಾರೆ, ಇದೆ ಎಂದು ನಾನೇ ಹೇಳಿಯಾಗಿದೆ. ಬದಲಿಗೆ ಬೇರೆ ಕೊಡೋಣವೆಂದರೆ ಮೇಡಂ ಬಳಿ ಹೊಸದು ಮುಗಿದಿತ್ತು, ಆ ಚಿಕ್ಕ ಕ್ಯಾಸೆಟ್ಟು ಚಳ್ಳಕೆರೆಯಲ್ಲಿ ಸಿಗುತ್ತಿರಲಿಲ್ಲ. ಇದ್ದದ್ದರ ಮೇಲೆಯೇ ಬೇರೆ ಏನನ್ನಾದರೂ ತೆಗೆಯಬೇಕು. ಒಂದು ಗಂಟೆಯ ಕ್ಯಾಸೆಟ್ ಅಳಿಯಬೇಕಾದರೆ ಒಂದು ಗಂಟೆಯೇ ಬೇಕು. ಬರೀ ಕತ್ತಲು ತುಂಬಿದರೆ ಎಂಥ ದಡ್ಡನಿಗೂ ಗೊತ್ತಾಗುತ್ತದೆ. ಏನು ತೆಗೆಯುವುದು?

ಆಗ ನಡುಮನೆಯಿಂದ ಅವ್ವ ಬಂದಳು. ಸೆರಗಿಗೆ ಕೈ ಒರೆಸಿಕೊಂಡು, ಫೋಟೋ ತೆಗೆಸುವವರು ಕೂರುವ ಕುರ್ಚಿಯನ್ನು ಎಳೆದು, ಬಣ್ಣದ ಪರದೆಯ ಮುಂದೆ ಕೂತಳು. "ಎಲ್ಲ ಕೇಳಿಸ್ಕೊಂಡೀನಿ. ನಂದ್ ತೆಗಿ. ಅಕ್ಷರ ಗುಂಡಿನ್ ವಿಚಾರ ತಾನೇ ನಿಮ್ಮ ಸಿನಿಮಾ? ಅದರ ನೆಳ್ಳಾಗೆ ಕುರಿ ಕಾಯ್ದೋಳು ನಾನು. ಕೇಳವ್ವ, ಏನ್ ಕೇಳ್ತೀಯ."

"ಅವ್ವ, ಒಂದು ಗಂಟೆ ಮಾತಾಡ್ಬೇಕು."

"ಒಬ್ಬ ತಾಯಿ ಮಗ ಉಳಿಯಾಕೆ ಒಂದ್ ಗಂಟೆ ಮಾತಾಡಾಕೆ ಆಗಲ್ವೇನಲೇ ನಂಗೆ? ನಿಮ್ಮಪ್ಪನ್ ಕೂಡೆ ಮೂವತ್ತು ವರ್ಷ ಮಾತಾಡೀನಿ!"

ಮೇಡಂ ಆ ಸ್ಥಿತಿಯಲ್ಲೂ ನಕ್ಕರು. "ಅಮ್ಮ, ಆ ಬಂಡೆ ಮೇಲೆ ಏನು ಬರೆದಿದೆ ಗೊತ್ತಾ? ಹೆತ್ತವರ ಮಾತು ಕೇಳಬೇಕು, ಜೀವಗಳ ಮೇಲೆ ದಯೆ ಇರಬೇಕು, ನಿಜ ಹೇಳಬೇಕು ಅಂತ."

"ನಿಜ ಹೇಳ್ಬೇಕಂತಾ?" ಅವ್ವ ಸ್ವಲ್ಪ ಯೋಚಿಸಿದಳು. "ಆಗ್ಲಿ, ನಾಳೆಯಿಂದ ಹೇಳಾನ. ತೆಗಿಯಲೇ."

ಅವ್ವ ಮಾತಾಡಿದಳು ನೋಡಿ! ಅಕ್ಷರ ಗುಂಡಿನ ನೆರಳಲ್ಲಿ ಬುತ್ತಿ ಬಿಚ್ಚುತ್ತಿದ್ದದ್ದು, ತೋಳ ಬಂದು ಮರಿ ಹೊತ್ತದ್ದು, ಮಳೆ ಬಂದಾಗ ಬಂಡೆ ಸಂದಿಯಲ್ಲಿ ಕುರಿಗಳ ಜತೆ ಕೂತು ಉಣ್ಣೆಯ ನಾತಕ್ಕೆ ತಲೆನೋವು ಬಂದದ್ದು, ಅಪ್ಪ ಹೆಣ್ಣು ನೋಡಲು ಬಂದಾಗ ತಾನು ಅದೇ ಗುಡ್ಡದಿಂದ ಇಣುಕಿ ನೋಡಿದ್ದು. ನಾನು ಇಪ್ಪತ್ತೆಂಟು ವರ್ಷದಲ್ಲಿ ಕೇಳದ ಸಂಗತಿಗಳು. ಆದರೆ ಕೇಳುವ ವ್ಯವಧಾನ ಯಾರಿಗಿತ್ತು? ನನ್ನ ಕಣ್ಣೆಲ್ಲ ಕ್ಯಾಮೆರಾದ ನಿಮಿಷದ ಲೆಕ್ಕದ ಮೇಲೆ. ಪಂಕ್ತಿ ಇದ್ದದ್ದು ನಲವತ್ತನೇ ನಿಮಿಷದಿಂದ ನಲವತ್ತಾರರವರೆಗೆ. ಬುದ್ಧಿ ಇದ್ದಿದ್ದರೆ ಅದನ್ನೇ ಮೊದಲು ಅಳಿಸಬೇಕಿತ್ತು, ಭಯದಲ್ಲಿ ಬುದ್ಧಿ ಎಲ್ಲಿರುತ್ತದೆ? ಮೂವತ್ತಾಯಿತು. ಬೀದಿಯಲ್ಲಿ ಯಾವ ಗಾಡಿ ಸದ್ದಾದರೂ ಬಾಗಿಲ ಕಡೆ ತಿರುಗುತ್ತಿದ್ದೆ. ನಲವತ್ತಾಯಿತು. ನಲವತ್ತಾರು ದಾಟಿದಾಗ ಮೇಡಂ ಗೋಡೆಗೆ ಒರಗಿ ಕಣ್ಣು ಮುಚ್ಚಿಕೊಂಡರು. ಐವತ್ತರ ಹತ್ತಿರ ಅಂಗಡಿಯ ಮುಂದೆ ಜೀಪು ನಿಂತಿತು. ಭಾವ ಹೇಳಿದ ಹೊತ್ತಿಗಿಂತ ಮುಂಚೆಯೇ ಬಂದುಬಿಟ್ಟಿದ್ದ. ಕ್ಯಾಮೆರಾ ನಿಲ್ಲಿಸಿದೆ. ಕೊನೆಯ ಹತ್ತು ನಿಮಿಷ ಹಾಗೇ ಉಳಿದಿತ್ತು. ಅದರಲ್ಲಿ ಏನೇನಿದೆ, ಹಿತ್ತಲಿನಲ್ಲಿ ಯಾರಾದರೂ ಹಾದುಹೋಗಿದ್ದಾರಾ, ಒಂದೂ ನೆನಪಾಗಲಿಲ್ಲ. ಬೆಳಿಗ್ಗೆ ಅಲ್ಲಿಯವರೆಗೆ ನೋಡಿಯೇ ಇರಲಿಲ್ಲ.

ಸಾಹೇಬರು ಮಿತಭಾಷಿ. ಕೂತರು, ಹಾಕು ಎಂದರು. ಹಾಕಿದೆ. ಟಿವಿಯಲ್ಲಿ ಅವ್ವ, ಪರದೆಯ ಪಕ್ಕದಲ್ಲಿ ನಿಜವಾದ ಅವ್ವ. ಹದಿನೈದು ನಿಮಿಷ ಕುರಿ, ತೋಳ ಎಲ್ಲ ಆಯಿತು. ಭಾವನ ಮುಖ ಕಪ್ಪಿಟ್ಟಿತು. ಸಾಹೇಬರು ಕ್ಯಾಮೆರಾದ ಗುಂಡಿ ಒತ್ತಿ ಮುಂದಕ್ಕೆ ಓಡಿಸತೊಡಗಿದರು. ಇನ್ನು ಆ ಕೊನೆಯ ಹತ್ತು ನಿಮಿಷ ಬರುವುದೊಂದೇ ಬಾಕಿ.

"ಇದೇನ್ರಿ ಸಾಹೇಬ್ರ!" ಅವ್ವ ಒಮ್ಮೆಲೇ ಮುಂದೆ ಬಂದಳು. "ವಯಸ್ಸಾದೋಳು ಒಂದ್ ಹೊತ್ತಿನಿಂದ ಗಂಟ್ಲು ಹರ್ಕೊಂಡು ಮಾತಾಡೀನಿ, ಕೋತಿ ಕುಣಿಸ್ದಂಗೆ ಓಡಿಸ್ತೀರಲ್ರಿ. ಕೇಳಂಗಿದ್ರೆ ಪೂರಾ ಕೂತು ಕೇಳ್ರಿ. ಮದುವಿ ವಿಚಾರ ಇನ್ನಾ ಮುಂದೈತೆ. ನಿಮ್ಮವ್ವನೂ ಹಿಂಗೇ ಮಾತಾಡ್ತಿದ್ರೆ ಓಡಿಸ್ತಿದ್ರೇನ್ರಿ?"

ಸಾಹೇಬರು ಕೈ ತೆಗೆದರು. ಒಂದೆರಡು ನಿಮಿಷ ಅವ್ವನ ಮದುವೆ ಕೇಳಿದರು. ಆಮೇಲೆ ಎದ್ದು ಭಾವನ ಕಡೆ ತಿರುಗಿ, "ಇದೇನಾ ನಿನ್ನ ಭಾರೀ ಮಾಹಿತಿ?" ಎಂದರು. ನನ್ನನ್ನು ಕೇಳಿದರು, "ನಿನ್ನೆ ಎಲ್ಲಿಗೆ ಹೋಗಿದ್ರಿ?"

"ಸಿದ್ದಾಪುರಕ್ಕೆ ಸಾರ್. ಜಾಗ ನೋಡಾಕೆ."

ಅವರು ನನ್ನನ್ನು ನಂಬಲಿಲ್ಲ. ನಂಬಿದವರು ಹಾಗೆ ನೋಡುವುದಿಲ್ಲ. ಆದರೆ ಕೈಯಲ್ಲಿ ಏನೂ ಇರಲಿಲ್ಲ. ಮೇಡಂ ಅವರನ್ನು ಸ್ಟೇಷನ್ನಿಗೆ ಕರೆದುಕೊಂಡು ಹೋಗಿ ಮಧ್ಯಾಹ್ನದವರೆಗೆ ಕೂರಿಸಿ, ಚೀಲ ಶೋಧಿಸಿ ಬಿಟ್ಟರು. ಭಾವ ಮುಂದೆ ಮೂರು ವರ್ಷ ನನ್ನ ಜತೆ ಮಾತಾಡಲಿಲ್ಲ. ಮಗಳ ಹೆಸರಿಡುವ ದಿನ ಬಂದವನು ಊಟ ಮಾಡದೆ ಹೋದ.

ಮೇಡಂ ಊರಿಗೆ ಹೊರಡುವ ಮುಂಚೆ ಅಂಗಡಿಗೆ ಬಂದರು. ನಾನು ತಪ್ಪಾಯಿತು ಎಂದೆ. "ನಿಮ್ಮ ಮೇಲೆ ಅನುಮಾನ ಪಟ್ಟಿದ್ದು ನನ್ನ ತಪ್ಪಲ್ಲ ಅಂತಾಯ್ತು" ಎಂದರು, ನಗದೆ. ಆಮೇಲೆ ಆ ಕ್ಯಾಸೆಟ್ಟನ್ನು ಅವ್ವನ ಕೈಗೆ ಕೊಟ್ಟು, "ಅಮ್ಮ, ಇದು ನಿಮ್ಮದು" ಎಂದು ಕಾಲು ಮುಟ್ಟಿ ನಮಸ್ಕರಿಸಿದರು. ಬಗ್ಗುವಾಗ ಅವ್ವ ಅವರ ಬೂಟುಗಳನ್ನು ನೋಡುತ್ತಿದ್ದಳು. ಬಸ್ಸು ಹೋದ ಮೇಲೆ, "ನಡ್ಯೋರಿಗೆ ಅದೇ ಅನುಕೂಲ ಬಿಡಲೇ" ಎಂದಳು. ಅವರ ಚಿತ್ರ ಮುಗಿಯಿತೋ ಇಲ್ಲವೋ ನನಗೆ ತಿಳಿಯದು. ಮತ್ತೆ ಅವರ ಸುದ್ದಿ ಬರಲಿಲ್ಲ.

ಆರು ವರ್ಷದ ಮೇಲೆ ಅವ್ವ ತೀರಿಕೊಂಡಳು. ಮದುವೆ ವಿಡಿಯೋದವನ ಮನೆಯಲ್ಲಿ ಅವ್ವನ ವಿಡಿಯೋ ಎಂದು ಇದ್ದದ್ದು ಅದೊಂದೇ. ಮೊದಲ ಪಕ್ಷದಲ್ಲಿ ಅವಳಿಗೆ ಎಲೆ ಹಾಕಿ ಎಡೆ ಇಟ್ಟು, ದಾವಣಗೆರೆಯಿಂದ ಅಂಥದೇ ಕ್ಯಾಮೆರಾ ಕೇಳಿ ತಂದು ಕ್ಯಾಸೆಟ್ ಹಾಕಿದೆ. ಹೆಂಡತಿ, ಮಗಳು, ಅಷ್ಟು ಹೊತ್ತಿಗೆ ಕೋಪ ಇಳಿದಿದ್ದ ಭಾವ ಎಲ್ಲರೂ ಕೂತು ಅವಳ ಮಾತಿಗೆ ನಕ್ಕರು, ಅತ್ತರು. ಅಲ್ಲಿಯವರೆಗೆ ಅದನ್ನು ಕೊನೆಯವರೆಗೆ ನೋಡುವ ಧೈರ್ಯ ನನಗೆ ಬಂದಿರಲಿಲ್ಲ. ಅವತ್ತು ಓಡಲು ಬಿಟ್ಟೆ. ಮಾತಿನ ಮಧ್ಯದಲ್ಲೇ ಅವ್ವ ಮಾಯವಾದಳು. ಚಿತ್ರ ಒಮ್ಮೆ ಹಾರಿತು. ಬಳೆ ತೊಟ್ಟ ಎರಡು ಕೈಗಳು ಬೂದಿ ಹಾಕಿ ಅಂಚು ನೆಗ್ಗಿದ ಸ್ಟೀಲ್ ತಟ್ಟೆಯನ್ನು ತೊಳೆಯುತ್ತಿದ್ದವು. ಅಲ್ಲಿ ಯಾರ ಮುಖವೂ ಇರಲಿಲ್ಲ. ತಟ್ಟೆ ಆಗಲೇ ಶುಭ್ರವಾಗಿತ್ತು, ಆದರೂ ಕೈ ತೊಳೆಯುತ್ತಲೇ ಇತ್ತು. ಮಗ ಉಂಡು ಹೋದ ತಟ್ಟೆ ಅದು.

"ಇದ್ಯಾರದು?" ಎಂದ ಭಾವ.

"ಯಾವ್ದೋ ಹಳೇದು ಉಳ್ಕೊಂಡೈತೆ ಭಾವ" ಎಂದೆ.

ಅವನು ನನ್ನ ಮುಖ ನೋಡಿದ. ಟಿವಿ ನೋಡಿದ. ಆಮೇಲೆ ಎದ್ದು ಊಟಕ್ಕೆ ಕೂತ.

ಆ ಹುಡುಗ ಯಾರನ್ನು ಕೊಂದಿದ್ದನೋ, ಕೊಂದೇ ಇರಲಿಲ್ಲವೋ ನನಗೆ ಗೊತ್ತಿಲ್ಲ. ದೊಡ್ಡ ಮನೆಯಲ್ಲಿ ಬಿಕ್ಕಿ ಅತ್ತ ಆ ಹೆಣ್ಣುಮಗಳು ನೆನಪಾದಾಗ, ಅಳಿಸಿದ್ದು ತಪ್ಪಾಯಿತೇನೋ ಎನಿಸುತ್ತದೆ. ನೀ ಮಾಟೇನಾ ಎಂದು ಪಾಲಮ್ಮ ಕೇಳಿದ್ದು ನೆನಪಾದಾಗ, ಸದ್ಯ ಉಳಿದೆ ಎನಿಸುತ್ತದೆ. ಎರಡೂ ನಿಜ. ಒಂದನ್ನು ಇನ್ನೊಂದು ಅಳಿಸುವುದಿಲ್ಲ. ಆ ವಾರವೆಲ್ಲ ನಾನು ಕುರಿಯವನಿಂದ ಹಿಡಿದು ಮೇಡಂವರೆಗೆ ಎಲ್ಲರನ್ನೂ ಅನುಮಾನಿಸಿದೆ. ಕಾವಲು ಇಡಬೇಕಿದ್ದದ್ದು ನನ್ನ ಕೈಗೇ ಎಂದು ಮಾತ್ರ ಹೊಳೆಯಲಿಲ್ಲ.

ಈಗಲೂ ಮದುವೆ ವಿಡಿಯೋ ತೆಗೆಯುತ್ತೇನೆ. ಪಂಕ್ತಿ ಕೂತಾಗ ಈ ತುದಿಯಿಂದ ಆ ತುದಿಗೆ ಮೂರು ಮೂರು ಎಣಿಸುತ್ತ ಹೋಗುತ್ತೇನೆ. ಕೊನೆಯ ಎಲೆ ಬರುವ ಮುಂಚೆ ಕ್ಯಾಮೆರಾ ಇಳಿಸಿಬಿಡುತ್ತೇನೆ. ವರ್ಷಕ್ಕೆ ಒಬ್ಬರೋ ಇಬ್ಬರೋ ಅಂಗಡಿಗೆ ಬಂದು, ಎಲ್ಲರನ್ನೂ ತೆಗೆದು ನನ್ನೊಬ್ಬನನ್ನೇ ಬಿಟ್ಟಿದ್ದೀಯ ಎಂದು ಬೈಯುತ್ತಾರೆ. ತಲೆ ತಗ್ಗಿಸಿ ಬೈಸಿಕೊಳ್ಳುತ್ತೇನೆ.